ಬಾರ್ಕ್ಲಿ ಮನೆಯ ತೆರೆಯದ ಬಾಗಿಲು

ನ್ಯೂಪೋರ್ಟ್ ಅಂದರೆ ಇಲ್ಲಿರುವ ನಮ್ಮವರಿಗೆಲ್ಲ ಅರಮನೆಗಳ ಊರು. ಇಂಡಿಯಾದಿಂದ ಅಪ್ಪ-ಅಮ್ಮ ಬಂದರೆ ನಯಾಗರಾ, ನ್ಯೂಯಾರ್ಕ್, ದೇವಸ್ಥಾನ ಎಲ್ಲ ಮುಗಿದ ಮೇಲೆ ಒಂದು ಶನಿವಾರ ನ್ಯೂಪೋರ್ಟ್. ‘ದಿ ಬ್ರೇಕರ್ಸ್’ ಅನ್ನುವ 70 ಕೋಣೆಗಳ ಬಂಗಲೆ ತೋರಿಸಿ, ಸಮುದ್ರದ ಪಕ್ಕ ನಿಲ್ಲಿಸಿ ಫೋಟೊ ತೆಗೆದು, ಮನೆಯಿಂದ ಕಟ್ಟಿಕೊಂಡು ಹೋದ ಪುಳಿಯೋಗರೆ ತಿಂದು ವಾಪಸ್. ನಾನಿರುವುದು ಪ್ರಾವಿಡೆನ್ಸ್‌ನಲ್ಲಿ. ಅಲ್ಲಿಂದ ಒಂದು ಗಂಟೆಯೂ ಆಗದ ದಾರಿ. ಕಳೆದ ಜುಲೈನಲ್ಲಿ ಅಪ್ಪನಿಗೂ ಇದೇ ಪ್ಯಾಕೇಜ್ ಹೇಳಿದೆ.

“ಅರಮನೆ ನೋಡೋಕೆ ಮೈಸೂರಿಂದ ಇಲ್ಲಿಗೆ ಬರಬೇಕಿತ್ತೇನಮ್ಮಾ?” ಅಂದರು. ಆಮೇಲೆ ಸ್ವಲ್ಪ ಯೋಚಿಸಿ, “ನ್ಯೂಪೋರ್ಟ್ ಅಂದರೆ ಬಾರ್ಕ್ಲಿ ಇದ್ದ ಊರಲ್ಲವಾ?” ಅಂದರು.

“ಬರ್ಕ್ಲಿ ಕ್ಯಾಲಿಫೋರ್ನಿಯಾದಲ್ಲಿದೆ ಅಪ್ಪಾ.”

“ಊರಲ್ಲಮ್ಮಾ, ಮನುಷ್ಯ. ಜಾರ್ಜ್ ಬಾರ್ಕ್ಲಿ.”

ನಮ್ಮಲ್ಲಿ ಎಷ್ಟೋ ಜನ ಸಾಫ್ಟ್‌ವೇರ್‌ನವರು ‘ಬಿಎಸ್‌ಡಿ’ ಅನ್ನುವ ಮೂರಕ್ಷರದ ಬಿ ಎಲ್ಲಿಂದ ಬಂತು ಅಂತ ಕೇಳಿದರೆ ಆ ವಿಶ್ವವಿದ್ಯಾಲಯದ ಹೆಸರು ಹೇಳುತ್ತೇವೆ. ಆ ಊರಿಗೆ ಆ ಹೆಸರು ಬಂದದ್ದು 1866ರಲ್ಲಿ, ಅದೂ ಐರ್ಲೆಂಡಿನ ಒಬ್ಬ ಪಾದ್ರಿ ಅಮೆರಿಕದ ಬಗ್ಗೆ ಬರೆದ ಪದ್ಯ ನೆನಪಾಗಿ, ಅಂತ ನನಗಂತೂ ಗೊತ್ತಿರಲಿಲ್ಲ. ಊರಿನವರು ಬರ್ಕ್ಲಿ ಅನ್ನುತ್ತಾರೆ, ಮನುಷ್ಯನ ಹೆಸರಿನ ಉಚ್ಚಾರ ಬಾರ್ಕ್ಲಿ. ಅಪ್ಪ ನಿವೃತ್ತ ಗಣಿತ ಲೆಕ್ಚರರ್. ಅವರಿಗೆ ಈ ಪಾದ್ರಿ ಗೊತ್ತಿದ್ದದ್ದು ತತ್ತ್ವಶಾಸ್ತ್ರದಿಂದಲ್ಲ, ಕ್ಯಾಲ್ಕುಲಸ್‌ನಿಂದ. ಪಿಯುಸಿ ಮಕ್ಕಳಲ್ಲಿ ಪ್ರತಿ ವರ್ಷ ಒಬ್ಬನಾದರೂ ಎದ್ದು ನಿಂತು, “ಸಾರ್, ಈ ಡಿಎಕ್ಸ್ ಸೊನ್ನೆಯೋ, ಅಲ್ಲವೋ? ಸೊನ್ನೆ ಆದರೆ ಅದರಿಂದ ಭಾಗಿಸಿದ್ದು ಹೇಗೆ? ಅಲ್ಲ ಅಂದರೆ ಆಮೇಲೆ ಬಿಟ್ಟದ್ದು ಹೇಗೆ?” ಅಂತ ಕೇಳುತ್ತಿದ್ದನಂತೆ. ಬಾರ್ಕ್ಲಿ 1734ರಲ್ಲಿ ‘ದಿ ಅನಲಿಸ್ಟ್’ ಅನ್ನುವ ಪುಸ್ತಕ ಬರೆದು ನ್ಯೂಟನ್ನನ ಶಿಷ್ಯರಿಗೆ ಕೇಳಿದ್ದೂ ಇದೇ. ಬೇಕಾದಾಗ ಇದ್ದು ಬೇಡವಾದಾಗ ಮಾಯವಾಗುವ ಈ ಮೊತ್ತಗಳನ್ನು ಆತ ದೆವ್ವಗಳಿಗೆ ಹೋಲಿಸಿದ. ಗಣಿತದವರು ಇದಕ್ಕೆ ಸಮಾಧಾನದ ಉತ್ತರ ಕೊಟ್ಟದ್ದು 19ನೇ ಶತಮಾನದಲ್ಲಿ, ಕೋಶಿ ಮತ್ತು ವೈಯರ್‌ಸ್ಟ್ರಾಸ್ ಕಾಲಕ್ಕೆ. “ಪ್ರಶ್ನೆ ಕೇಳಿದವನನ್ನು ಕೂರಿಸಬಾರದು ಕಣಮ್ಮಾ, ನೂರು ವರ್ಷ ಆದಮೇಲೂ ಅವನೇ ಸರಿ ಅಂತ ಆಗಬಹುದು” ಅನ್ನುವುದು ಅಪ್ಪನ ಮಾತು.

ಸರಿ, ಅರಮನೆ ಬಿಟ್ಟು ಪಾದ್ರಿಯ ಮನೆ ನೋಡೋಣ ಅಂತಾಯಿತು. ಅಮ್ಮ ಮಂಡಿನೋವು ಅಂತ ಮನೆಯಲ್ಲೇ ಉಳಿದರು. ದಾರಿಯಲ್ಲಿ ಒಂದು ಡಬ್ಬಿ ಚೆರ್ರಿಹಣ್ಣು ತಗೊಂಡೆವು. ಪೆಲ್ ಸೇತುವೆ ಹತ್ತುವಾಗ ಅಪ್ಪ ಒಂದು ಹಣ್ಣು ಎತ್ತಿ ಹಿಡಿದರು.

“ಇದರಲ್ಲಿ ಏನೇನಿದೆ ಹೇಳು.”

“ಕೆಂಪು ಬಣ್ಣ. ನುಣುಪು. ಹುಳಿ-ಸಿಹಿ.”

“ಬಣ್ಣ ಕಣ್ಣಿಗೆ ತಿಳಿದದ್ದು, ನುಣುಪು ಬೆರಳಿಗೆ, ರುಚಿ ನಾಲಿಗೆಗೆ. ಇವಿಷ್ಟನ್ನೂ ತೆಗೆದುಬಿಡು. ಏನು ಉಳಿಯಿತು?”

“ಬೀಜ” ಅಂದೆ.

ಅಪ್ಪ ಜೋರಾಗಿ ನಕ್ಕರು. “ಬೀಜಕ್ಕೂ ಅದೇ ಪ್ರಶ್ನೆ ಕೇಳು.”

ಚೆರ್ರಿ ಉದಾಹರಣೆ ಬಾರ್ಕ್ಲಿಯದೇ. 1713ರಲ್ಲಿ ಬಂದ, ಹೈಲಸ್ ಮತ್ತು ಫಿಲೋನಸ್ ಅನ್ನುವ ಇಬ್ಬರು ಗೆಳೆಯರ ಸಂವಾದದ ಪುಸ್ತಕದಲ್ಲಿದೆ. ಆತ ಹುಟ್ಟಿದ್ದು 1685ರಲ್ಲಿ, ಐರ್ಲೆಂಡಿನ ಕಿಲ್ಕೆನಿ ಹತ್ತಿರ. 15ನೇ ವಯಸ್ಸಿಗೆ ಡಬ್ಲಿನ್ನಿನ ಟ್ರಿನಿಟಿ ಕಾಲೇಜು, 22ಕ್ಕೆ ಅಲ್ಲೇ ಫೆಲೊ. ಆತನ ಹೆಸರು ಉಳಿಸಿದ ಮೂರು ಪುಸ್ತಕಗಳೂ ಬಂದದ್ದು 1709ರಿಂದ 1713ರ ಒಳಗೆ, ಅಂದರೆ 28 ತುಂಬುವ ಹೊತ್ತಿಗೆ ಎಲ್ಲ ಮುಗಿದಿತ್ತು. (ನಾನು 28ಕ್ಕೆ ಮೊದಲ ಅಪ್ರೈಸಲ್‌ನಲ್ಲಿ ಬಾಸ್ ಎದುರು ಕೂತು ಬೆವರುತ್ತಿದ್ದೆ.)

ಆತ ಹೇಳಿದ್ದನ್ನು ಬಹಳ ಜನ ತಪ್ಪಾಗಿ ತಿಳಿದುಕೊಂಡಿದ್ದಾರೆ. ಜಗತ್ತು ಸುಳ್ಳು, ಕನಸು ಅಂತ ಆತ ಹೇಳಲೇ ಇಲ್ಲ. ಕಾಣುವ, ಮುಟ್ಟುವ, ಸವಿಯುವ ಹಣ್ಣು ಪೂರ್ತಿ ನಿಜ. ಆದರೆ ಆ ಬಣ್ಣ, ರುಚಿಗಳ ಹಿಂದೆ ಯಾರಿಗೂ ಎಂದೂ ಸಿಗದ ‘ಜಡವಸ್ತು’ ಅಂತ ಒಂದಿದೆ, ಹಣ್ಣಿನ ನಿಜರೂಪ ಅದೇ ಅಂತ ಪಂಡಿತರು ಹೇಳುತ್ತಿದ್ದರಲ್ಲ, ಅದು ಬರೀ ಮಾತು ಅಂದ. ವಸ್ತುಗಳಿಗೆ ಇರುವುದು ಅಂದರೆ ಒಂದು ಮನಸ್ಸಿಗೆ ತೋರುವುದು. ಹಾಗಾದರೆ ಯಾರೂ ನೋಡದಿದ್ದಾಗ? ದೇವರು ನೋಡುತ್ತಲೇ ಇರುತ್ತಾನೆ, ಹಾಗಾಗಿ ಮರ ಮರವಾಗಿ, ಬೆಟ್ಟ ಬೆಟ್ಟವಾಗಿ ಇರುತ್ತದೆ. ಇದನ್ನು ಕೇಳಿದ ಕೂಡಲೇ ನಮಗೆ ಶಂಕರಾಚಾರ್ಯರ ಮಾಯೆ ನೆನಪಾಗುತ್ತೆ. ಆದರೆ ಶಂಕರರೇ ಬ್ರಹ್ಮಸೂತ್ರ ಭಾಷ್ಯದಲ್ಲಿ, ಹೊರಗಿನ ಕಂಬ-ಗೋಡೆಗಳು ಬರೀ ಮನಸ್ಸಿನ ಕಲ್ಪನೆ ಅನ್ನುವ ಬೌದ್ಧ ವಿಜ್ಞಾನವಾದಿಗಳ ಜೊತೆ ಜಗಳ ಆಡಿದ್ದಾರೆ. ಈ ಹೋಲಿಕೆ ತೋರಿದಷ್ಟು ಸುಲಭ ಅಲ್ಲ. ಅದು ಇನ್ನೊಂದು ದಿನಕ್ಕಿರಲಿ.

ಮನೆ ಇರುವುದು ನ್ಯೂಪೋರ್ಟ್‌ಗೆ ಅಂಟಿಕೊಂಡ ಮಿಡಲ್‌ಟೌನ್‌ನಲ್ಲಿ, ಹೆಸರು ವೈಟ್‌ಹಾಲ್. ಅಂಥ ದೊಡ್ಡ ಹೆಸರಿಟ್ಟುಕೊಂಡ ಮನೆ ಅಂದರೆ ಮರದ ಹಲಗೆ ಹೊಡೆದ, ನಾಲ್ಕು ಕಡೆಗೂ ಇಳಿಜಾರು ಮಾಡಿನ ಒಂದು ತೋಟದ ಮನೆ. ಈಗ ಮ್ಯೂಸಿಯಂ. ಬೇಸಿಗೆಯಲ್ಲಿ ಬಾರ್ಕ್ಲಿ ಮೇಲೆ ಸಂಶೋಧನೆ ಮಾಡುವವರು ಬಂದು ಇದ್ದು, ನೋಡಲು ಬಂದವರಿಗೆ ಮನೆ ತೋರಿಸುತ್ತಾರೆ. ನಾವು ಹೋದ ದಿನ ಇದ್ದವರು ಒಬ್ಬ ತತ್ತ್ವಶಾಸ್ತ್ರದ ಮೇಡಂ. ಇದ್ದದ್ದು ನಾವಿಬ್ಬರೇ, ಹಾಗಾಗಿ ಅವರೂ ಆರಾಮಾಗಿ ಮಾತಾಡಿದರು.

ಮೊದಲು ತೋರಿಸಿದ್ದು ಮುಂಬಾಗಿಲು. ಜೋಡಿ ಕದದ ಠೀವಿಯ ಬಾಗಿಲು. ಆದರೆ ತೆರೆಯುವುದು ಒಂದೇ ಕದ. ಇನ್ನೊಂದು ಬರೀ ತೋರಿಕೆಗೆ, ಅದರ ಹಿಂದೆ ಗೋಡೆ. ಹೊರಗಿನಿಂದ ಇಂಗ್ಲೆಂಡಿನ ದೊಡ್ಡ ಮನೆಗಳ ಹಾಗೆ ಕಾಣಲಿ ಅಂತ ಮಾಡಿಸಿದ್ದು.

ಅಪ್ಪ ಆ ಕದದ ಮುಂದೆ ಸುಮಾರು ಹೊತ್ತು ನಿಂತರು. “ನೋಡಿದರೆ ಬಾಗಿಲು, ತಳ್ಳಿದರೆ ಗೋಡೆ. ಹಾಗಾದರೆ ನನ್ನ ಕಣ್ಣು ಸುಳ್ಳು ಹೇಳಿತೇ?” ಅಂದರು. ನಾನು ಅದನ್ನು ಇಂಗ್ಲಿಷಿಗೆ ಮಾಡಿ ಹೇಳಿದೆ. ಮೇಡಂಗೆ ಖುಷಿಯೋ ಖುಷಿ. ಕಣ್ಣು ಸುಳ್ಳು ಹೇಳಲಿಲ್ಲ ಅಂತ ಬಾರ್ಕ್ಲಿ ಹೇಳುತ್ತಾನಂತೆ. ನೀರಿನಲ್ಲಿ ಅರ್ಧ ಮುಳುಗಿದ ಹುಟ್ಟು ಸೊಟ್ಟಗೆ ಕಾಣುತ್ತದೆ. ಕಂಡದ್ದು ಸೊಟ್ಟವೇ, ಅದರಲ್ಲಿ ತಪ್ಪಿಲ್ಲ. ‘ಹೊರಗೆ ತೆಗೆದು ಮುಟ್ಟಿದರೂ ಸೊಟ್ಟಗಿರುತ್ತದೆ’ ಅಂತ ನಾವು ಅಂದಾಜು ಮಾಡುತ್ತೇವಲ್ಲ, ತಪ್ಪು ಅಲ್ಲಿದೆ.

1709ರ ಮೊದಲ ದೊಡ್ಡ ಪುಸ್ತಕ ಪೂರ್ತಿ ಈ ವಿಷಯವೇ. ದೂರ ಅನ್ನುವುದು ಕಣ್ಣಿಗೆ ನೇರವಾಗಿ ಕಾಣುವುದೇ ಇಲ್ಲ ಅನ್ನುತ್ತಾನೆ. ನಡೆದು, ಕೈಚಾಚಿ, ಮುಟ್ಟಿ ತಿಳಿದದ್ದನ್ನು ಕಣ್ಣಿಗೆ ಕಂಡದ್ದರ ಜೊತೆ ಸೇರಿಸಿ ಸೇರಿಸಿ ಕಲಿಯುತ್ತೇವೆ. ಮಗು ಮಾತು ಕಲಿತ ಹಾಗೆ. ಅಕ್ಷರ ಓದುವಾಗ ಅಕ್ಷರ ಮರೆತು ಅರ್ಥ ಮಾತ್ರ ಹೊಳೆಯುತ್ತದಲ್ಲ, ಹಾಗೆಯೇ ನೋಡುವಾಗ ಕಲಿತದ್ದು ಮರೆತು, ದೂರವನ್ನೇ ನೋಡುತ್ತಿದ್ದೇವೆ ಅಂದುಕೊಳ್ಳುತ್ತೇವೆ.

ಇದನ್ನು ಎಲ್ಲೋ ಓದಿದ್ದರೆ ಹಾಗೇ ಸ್ಕ್ರೋಲ್ ಮಾಡಿ ಮುಂದೆ ಹೋಗುತ್ತಿದ್ದೆ. ಆದರೆ ಎರಡು ವರ್ಷದ ಹಿಂದೆ ಅಪ್ಪನಿಗೆ ಒಂದು ಕಣ್ಣಿನ ಪೊರೆ ಆಪರೇಷನ್ ಆಗಿ ಇನ್ನೊಂದು ಬಾಕಿ ಇದ್ದಾಗ ನಾನು ಮೈಸೂರಿನಲ್ಲೇ ಇದ್ದೆ. ಒಂದು ಕಣ್ಣಿಗೆ ಎಲ್ಲ ಫಳಫಳ, ಇನ್ನೊಂದಕ್ಕೆ ಮಸುಕು. ಡಿಕಾಕ್ಷನ್ ಲೋಟದೊಳಗೆ ಬಿಡುತ್ತಿದ್ದೇನೆ ಅಂದುಕೊಂಡು ಟೇಬಲ್ ಮೇಲೆ ಸುರಿಯುತ್ತಿದ್ದರು. ಮೆಟ್ಟಿಲು ಇಳಿಯುವಾಗ ಕೊನೆಯ ಮೆಟ್ಟಿಲು ಮುಗಿದ ಮೇಲೂ ಇನ್ನೊಂದಿದೆ ಅಂತ ಕಾಲು ಇಡುತ್ತಿದ್ದರು. ಕೈಯಿಂದ ಲೋಟ ಮುಟ್ಟಿ, ಅಂಚು ಸವರಿ, ಆಮೇಲೆ ಸುರಿಯೋದು ಅಭ್ಯಾಸ ಮಾಡಿಕೊಂಡರು. ನಲವತ್ತು ವರ್ಷ ಬೋರ್ಡಿನ ಮೇಲೆ ಕೈಯಿಂದಲೇ ವೃತ್ತ ಎಳೆದ ಮನುಷ್ಯ ದೂರವನ್ನು ಮತ್ತೆ ಒಂದರಿಂದ ಕಲಿತದ್ದನ್ನು ನಾನು ಕಂಡಿದ್ದೇನೆ.

ಅಂದ ಹಾಗೆ ಐರ್ಲೆಂಡಿನ ಈ ಮನುಷ್ಯ ಇಲ್ಲಿ ಬಂದು ತೋಟ ಯಾಕೆ ಮಾಡಿದ? ಅದು ಒಂದು ಪ್ರಾಜೆಕ್ಟ್ ಕಥೆ, ನಮಗೆಲ್ಲ ಗೊತ್ತಿರುವ ಥರದ್ದು. ಯುರೋಪು ಕೆಟ್ಟುಹೋಗಿದೆ, ಒಳ್ಳೆಯದೇನಿದ್ದರೂ ಇನ್ನು ಅಮೆರಿಕದಲ್ಲೇ ಹುಟ್ಟಬೇಕು ಅಂತ ಆತನಿಗೆ ಅನ್ನಿಸಿತ್ತು. ಬರ್ಮುಡಾ ದ್ವೀಪದಲ್ಲಿ ಒಂದು ಕಾಲೇಜು ಕಟ್ಟಿ, ವಸಾಹತಿನವರ ಗಂಡುಮಕ್ಕಳನ್ನೂ ಅಲ್ಲಿನ ಮೂಲನಿವಾಸಿಗಳ ಮಕ್ಕಳನ್ನೂ ಓದಿಸಿ ಪಾದ್ರಿಗಳಾಗಿ ಮಾಡುವುದು ಆಲೋಚನೆ. ಬರ್ಮುಡಾ ಅಮೆರಿಕದ ಕರಾವಳಿಯಿಂದ ಸುಮಾರು 1000 ಕಿ.ಮೀ. ದೂರದಲ್ಲಿದೆ, ಅಲ್ಲಿಗೆ ಮಕ್ಕಳು ಬರುವುದು ಹೇಗೆ ಅಂತ ಮೀಟಿಂಗ್‌ನಲ್ಲಿ ಯಾರೂ ಗಟ್ಟಿಯಾಗಿ ಕೇಳಿದಂತೆ ಕಾಣುವುದಿಲ್ಲ. ಬಾರ್ಕ್ಲಿಯ ಮಾತಿಗೆ ಅಂಥ ಮೋಡಿ ಇತ್ತಂತೆ. 1726ರಲ್ಲಿ ಬ್ರಿಟಿಷ್ ಪಾರ್ಲಿಮೆಂಟು 20,000 ಪೌಂಡ್ ಕೊಡಲು ಒಪ್ಪಿತು. 1728ರಲ್ಲಿ ಹೊಸದಾಗಿ ಮದುವೆಯಾದ ಹೆಂಡತಿ ಆನ್ ಜೊತೆ, ಸ್ಮೈಬರ್ಟ್ ಅನ್ನುವ ಚಿತ್ರಕಾರನನ್ನೂ ಕರೆದುಕೊಂಡು ಹಡಗು ಹತ್ತಿದ. 1729ರ ಜನವರಿಯಲ್ಲಿ ನ್ಯೂಪೋರ್ಟ್‌ಗೆ ಬಂದು, 96 ಎಕರೆ ಕೊಂಡು, ಈ ಮನೆ ಎಬ್ಬಿಸಿ, ಹಣ ಬರುವುದನ್ನೇ ಕಾದ.

ಸ್ಯಾಂಕ್ಷನ್ ಆಗಿದೆ, ರಿಲೀಸ್ ಆಗಿಲ್ಲ! ಎರಡೂವರೆ ವರ್ಷ ಇದೇ. ಕೊನೆಗೆ ಲಂಡನ್ನಿನ ಬಿಷಪ್ ಪ್ರಧಾನಿ ವಾಲ್ಪೋಲ್‌ನನ್ನು ನೇರವಾಗಿ ಕೇಳಿದಾಗ ಆತ ಕೊಟ್ಟ ಉತ್ತರದ ಸಾರ ಇಷ್ಟು: ಮಂತ್ರಿಯಾಗಿ ಕೇಳಿದರೆ, ಹಣ ಖಂಡಿತ ಬರುತ್ತದೆ. ಸ್ನೇಹಿತನಾಗಿ ಕೇಳಿದರೆ, ಕಾಯುವುದು ಬಿಟ್ಟು ವಾಪಸ್ ಬರಲು ಹೇಳಿ. 1731ರ ಸೆಪ್ಟೆಂಬರಿನಲ್ಲಿ ಬಾರ್ಕ್ಲಿ ಹೊರಟುಬಿಟ್ಟ. ಬರ್ಮುಡಾ ಕಣ್ಣಿಂದ ಸಹ ನೋಡಲಿಲ್ಲ. ಹೋದ ಮೇಲೆ ತೋಟ, ಮನೆಯನ್ನು ಯೇಲ್ ಕಾಲೇಜಿಗೆ ಬರೆದುಕೊಟ್ಟ, ಪೆಟ್ಟಿಗೆಗಟ್ಟಲೆ ಪುಸ್ತಕ ಕಳಿಸಿದ. ಆ ತೋಟದ ಆದಾಯದಿಂದ ಯೇಲ್‌ನಲ್ಲಿ ಎಷ್ಟೋ ಹುಡುಗರು ಸ್ಕಾಲರ್‌ಶಿಪ್ ಪಡೆದು ಓದಿದರು.

ಇಲ್ಲಿಗೆ ನಿಲ್ಲಿಸಿದ್ದರೆ ಒಳ್ಳೆಯ ಮನುಷ್ಯನ ಒಳ್ಳೆಯ ಕಥೆ. ಅಪ್ಪ ಅಷ್ಟೊತ್ತಿಗೆ ಆತನ ಅಭಿಮಾನಿಯೇ ಆಗಿಬಿಟ್ಟಿದ್ದರು. “ಈ ತೋಟ ಯಾರು ನೋಡಿಕೊಳ್ತಿದ್ದರು? 96 ಎಕರೆ ಅಂದರೆ ಹುಡುಗಾಟವೇ? ಇವನಂತೂ ಪುಸ್ತಕ ಬರೀತಾ ಕೂತಿದ್ದ” ಅಂತ ಕೇಳಿದರು. ಹಳ್ಳಿಯಲ್ಲಿ ಮೂರು ಎಕರೆ ಗದ್ದೆ ನೋಡಿಕೊಳ್ಳಲು ಜನ ಸಿಗದೆ ಒದ್ದಾಡಿದವರು, ಸಹಜವಾಗಿ ಬಂದ ಪ್ರಶ್ನೆ.

ಮೇಡಂ ಮುಚ್ಚುಮರೆ ಮಾಡಲಿಲ್ಲ. ಈ ಮನೆಯಲ್ಲಿ ಗುಲಾಮರಿದ್ದರು ಅಂದರು. 1730ರ ಅಕ್ಟೋಬರಿನ ಖರೀದಿ ಪತ್ರಗಳು ಉಳಿದಿವೆ. ಫಿಲಿಪ್, ವಯಸ್ಸು ಸುಮಾರು 14. ಎಡ್ವರ್ಡ್, ಸುಮಾರು 20. ಮಾರನೆಯ ವರ್ಷ ಜೂನ್‌ನಲ್ಲಿ ನ್ಯೂಪೋರ್ಟ್‌ನ ಟ್ರಿನಿಟಿ ಚರ್ಚಿನ ದೀಕ್ಷಾಸ್ನಾನದ ಪುಸ್ತಕದಲ್ಲಿ ಮೂರು ಹೆಸರು: ಫಿಲಿಪ್ ಬಾರ್ಕ್ಲಿ, ಆ್ಯಂಟನಿ ಬಾರ್ಕ್ಲಿ, ಆ್ಯಗ್ನೆಸ್ ಬಾರ್ಕ್ಲಿ. ಮುಂದೆ ‘ನೀಗ್ರೊ’ ಅಂತ.

ನಾನು ಅದನ್ನು ಕನ್ನಡದಲ್ಲಿ ಹೇಳಿದಾಗ ಅಪ್ಪನಿಗೆ ಮೊದಲು ಅರ್ಥವಾದದ್ದು ಬೇರೆ. “ಮಕ್ಕಳಾ?” ಅಂದರು. ಮನೆಹೆಸರು ಕೇಳಿ ಹಾಗನ್ನಿಸಿತು. ಅಲ್ಲ ಅಪ್ಪಾ, ಒಡೆಯನ ಹೆಸರು ಅದು ಅಂದೆ.

ಅಲ್ಲಿಂದ ಎರಡು ಮೈಲಿಯೂ ಇಲ್ಲದ ಕಡೆ, ಸಮುದ್ರದ ದಂಡೆಯ ಮೇಲೆ ಹ್ಯಾಂಗಿಂಗ್ ರಾಕ್ ಅಂತ ಒಂದು ಬಂಡೆ ಇದೆ. ಬಾರ್ಕ್ಲಿ ಅದರ ನೆರಳಿನಲ್ಲಿ ಕೂತು ‘ಆಲ್ಸಿಫ್ರನ್’ ಅನ್ನುವ ಪುಸ್ತಕ ಬರೆದ ಅಂತ ಊರಿನವರು ಹೇಳುತ್ತಾರೆ. ಪುಸ್ತಕ ಬರೆದದ್ದು ಇಲ್ಲಿದ್ದಾಗಲೇ, ಅದು ನಿಜ. ಬಂಡೆಯ ಮಾತು ಊರಿನ ನಂಬಿಕೆ. ಉಂಡೆ ಉಂಡೆ ಕಲ್ಲುಗಳನ್ನು ಹಿಟ್ಟಿನಲ್ಲಿ ಕಲಸಿ ಯಾರೋ ಎಳೆದಂತಿದೆ ಆ ಬಂಡೆ. ಅಪ್ಪ ಅದಕ್ಕೆ ಊರುಗೋಲಿನಿಂದ ಒಂದು ಸಲ ಕುಟ್ಟಿದರು. ಈ ಕುಟ್ಟುವುದಕ್ಕೂ ಚರಿತ್ರೆ ಇದೆ. ಬಾರ್ಕ್ಲಿ ಸತ್ತು ಹತ್ತು ವರ್ಷ ಆದಮೇಲೆ, 1763ರಲ್ಲಿ, ನಿಘಂಟುಕಾರ ಸ್ಯಾಮ್ಯುಯೆಲ್ ಜಾನ್ಸನ್ ಹಾರ್ವಿಚ್‌ನ ಚರ್ಚಿನ ಎದುರು ಒಂದು ದೊಡ್ಡ ಕಲ್ಲಿಗೆ ಒದ್ದು, ‘ಇದೇ ಆತನಿಗೆ ನನ್ನ ಉತ್ತರ’ ಅನ್ನುವ ಅರ್ಥದ ಮಾತು ಹೇಳಿದನಂತೆ. ಒದ್ದರೆ ಕಾಲು ನೋಯುತ್ತದೆ ನಿಜ. ಆದರೆ ನೋವೂ ಮನಸ್ಸಿಗೆ ತೋರಿದ್ದೇ ಅಲ್ಲವೇ? ಬಾರ್ಕ್ಲಿ ಅದನ್ನೂ ಲೆಕ್ಕಕ್ಕೆ ಹಿಡಿದಿದ್ದ. ಜಾನ್ಸನ್ ಒದ್ದದ್ದು ಬಾರ್ಕ್ಲಿಯ ಕಲ್ಲನ್ನೇ.

ಆದರೆ ಅವತ್ತು ನಮ್ಮಿಬ್ಬರಿಗೂ ಕಲ್ಲಿನ ಕಡೆ ಗಮನ ಇರಲಿಲ್ಲ.

“ಆಗಿನ ಕಾಲವೇ ಹಾಗಿತ್ತು ಕಣಮ್ಮಾ” ಅಂದರು ಅಪ್ಪ. “ಈಗಿನ ಕಣ್ಣಿಂದ ಆಗಿನವರನ್ನು ನೋಡಬಾರದು.”

ನಾನು ಫೋನ್ ತೆಗೆದು ಹುಡುಕಿದೆ. 1688ರಲ್ಲೇ ಪೆನ್ಸಿಲ್ವೇನಿಯಾದ ಜರ್ಮನ್‌ಟೌನ್‌ನ ನಾಲ್ಕು ಜನ ಗುಲಾಮಗಿರಿ ತಪ್ಪು ಅಂತ ಸಹಿ ಹಾಕಿ ಪತ್ರ ಕೊಟ್ಟಿದ್ದರು. 1700ರಲ್ಲಿ ಬಾಸ್ಟನ್ನಿನ ನ್ಯಾಯಾಧೀಶ ಸ್ಯಾಮ್ಯುಯೆಲ್ ಸೀವಲ್ ಅದರ ವಿರುದ್ಧ ಪುಸ್ತಕವನ್ನೇ ಅಚ್ಚು ಹಾಕಿಸಿದ್ದ. ಬಾಸ್ಟನ್ ಇಲ್ಲಿಂದ ಎಷ್ಟು ದೂರ? ನ್ಯೂಪೋರ್ಟ್‌ನ ಬಂದರಿನಲ್ಲಿ ಗುಲಾಮರ ವ್ಯಾಪಾರದ ಹಡಗುಗಳು ಬಂದುಹೋಗುವುದು ಬಾರ್ಕ್ಲಿಗೆ ಕಾಣದೆ ಇದ್ದಿರಲಾರದು. ಕಂಡು ಆತ ಮಾಡಿದ್ದೇನು? ಗುಲಾಮರಿಗೂ ದೀಕ್ಷೆ ಕೊಡಿ ಅಂತ ಒಡೆಯರಿಗೆ ಹೇಳಿದ. ಅವರಿಗೂ ಆತ್ಮ ಇದೆ ಅನ್ನುವುದನ್ನು ಒಪ್ಪದವರ ನಡುವೆ ಅದೂ ಒಂದು ಮಾತೇ. ಆದರೆ ದೀಕ್ಷೆ ಕೊಟ್ಟರೆ ಬಿಡುಗಡೆ ಕೊಡಬೇಕಾಗಿಲ್ಲ, ಇನ್ನೂ ವಿಧೇಯರಾಗುತ್ತಾರೆ ಅಂತ ಲಂಡನ್ನಿಗೆ ಹೋದ ಮೇಲೆ ಉಪದೇಶದಲ್ಲೂ ಹೇಳಿದ. ಬರ್ಮುಡಾ ಕಾಲೇಜಿನ ಯೋಜನಾ ಪತ್ರದಲ್ಲಿ ಇನ್ನೂ ಒಂದಿದೆ: ಮೂಲನಿವಾಸಿಗಳ ಮಕ್ಕಳು ಒಪ್ಪಿಗೆಯಿಂದ ಸಿಗದಿದ್ದರೆ ಶತ್ರುಗಳ ಮಕ್ಕಳನ್ನು ಸೆರೆಹಿಡಿದು ತರಬಹುದು, ಹತ್ತು ವರ್ಷದ ಒಳಗಿನವರಾದರೆ ಸರಿ.

ಇದನ್ನು ಓದಿ ಹೇಳಿದಾಗ ಅಪ್ಪ ಊರುಗೋಲು ಮರಳಿನಲ್ಲಿ ಊರಿ ಸುಮ್ಮನೆ ನಿಂತರು. ಸಮುದ್ರದಲ್ಲಿ ಹುಡುಗರು ಸರ್ಫಿಂಗ್ ಮಾಡುತ್ತಿದ್ದರು.

“ಹಾಗಾದರೆ ಡಿಎಕ್ಸ್ ಪ್ರಶ್ನೆಯೂ ಹೋಯಿತಾ?” ಅಂದರು ಕೊನೆಗೆ.

ಈ ಪ್ರಶ್ನೆ ಅಪ್ಪ ಒಬ್ಬರದೇ ಅಲ್ಲ. ಡಬ್ಲಿನ್ನಿನ ಟ್ರಿನಿಟಿ ಕಾಲೇಜು ತನ್ನ ದೊಡ್ಡ ಲೈಬ್ರರಿಗೆ 1978ರಲ್ಲಿ ಬಾರ್ಕ್ಲಿ ಹೆಸರಿಟ್ಟಿತ್ತು. ವಿದ್ಯಾರ್ಥಿಗಳು ಕೇಳಿದ ಮೇಲೆ, ಪರಿಶೀಲನೆ ಮಾಡಿ, 2023ರ ಏಪ್ರಿಲ್‌ನಲ್ಲಿ ಆ ಹೆಸರು ತೆಗೆದುಹಾಕಿತು. ಈಗ ಅದು ಕವಯಿತ್ರಿ ಈವನ್ ಬೋಲಂಡ್ ಹೆಸರಿನ ಲೈಬ್ರರಿ. ಪುಸ್ತಕಗಳು ಒಳಗೇ ಇವೆ, ಪಾಠವೂ ನಡೆಯುತ್ತದೆ. ನನಗೆ ಅದು ಸರಿ ಅನ್ನಿಸುತ್ತೆ. ಪ್ರಶ್ನೆ ಸರಿ ಇದ್ದರೆ ಕೇಳಿದವನು ಯಾರಾದರೂ ಅದು ನಿಲ್ಲುತ್ತದೆ. ಕಟ್ಟಡದ ಮೇಲೆ ಹೆಸರು ಬರೆಯುವುದು ಪ್ರಶ್ನೆಗೆ ಕೊಡುವ ಅಂಕ ಅಲ್ಲ, ಮನುಷ್ಯನಿಗೆ ಹಾಕುವ ಹಾರ. ಅಪ್ಪ ಇದನ್ನು ಪೂರ್ತಿ ಒಪ್ಪಲಿಲ್ಲ. “ಹಾರ ತೆಗೀಲಿ, ಆದರೆ ಯಾಕೆ ತೆಗೆದರು ಅಂತ ಅಲ್ಲೇ ಬರೆದಿರಬೇಕು. ಇಲ್ಲದಿದ್ದರೆ ನಾಳೆ ಅದೂ ಮರೆತುಹೋಗುತ್ತೆ” ಅಂದರು.

ಮಧ್ಯಾಹ್ನ ಊರೊಳಗಿನ ಟ್ರಿನಿಟಿ ಚರ್ಚಿಗೆ ಹೋದೆವು. 1726ರ ಹೊತ್ತಿಗೆ ಕಟ್ಟಿದ ಬಿಳಿ ಮರದ ಚರ್ಚು, ಬಾರ್ಕ್ಲಿ ಉಪದೇಶ ಮಾಡುತ್ತಿದ್ದದ್ದು ಇಲ್ಲೇ. ಒಳಗೆ ನಟ್ಟನಡುವೆ ಮೂರು ಅಂತಸ್ತಿನ ಉಪದೇಶ ಪೀಠ. ಆತ ಊರಿಗೆ ಹೋದ ಮೇಲೆ ಕಳಿಸಿದ ಆರ್ಗನ್ನಿನ ಚೌಕಟ್ಟು ಇನ್ನೂ ಮೇಲಿದೆ, ಅದರ ತುದಿಯಲ್ಲಿ ರಾಜನ ಕಿರೀಟ, ಬಿಷಪ್ಪನ ಟೋಪಿ. ಹೊರಗಿನ ಸಮಾಧಿಗಳ ನಡುವೆ ಲೂಸಿಯಾ ಮಲಗಿದ್ದಾಳೆ. ಬಾರ್ಕ್ಲಿಯ ಎಳೆಗೂಸು. 1731ರ ಸೆಪ್ಟೆಂಬರಿನಲ್ಲಿ, ಗಂಡ ಹೆಂಡತಿ ಗಂಟುಮೂಟೆ ಕಟ್ಟುತ್ತಿದ್ದಾಗ ತೀರಿಕೊಂಡಿತು. ಮಗುವನ್ನು ಇಲ್ಲಿ ಬಿಟ್ಟು, ಅದೇ ತಿಂಗಳು ಹಡಗು ಹತ್ತಿದರು.

ಮುಂದೆ ಆತ ಐರ್ಲೆಂಡಿನ ಕ್ಲಾಯ್ನ್‌ಗೆ ಬಿಷಪ್ ಆದ. 1740ರ ಆಸುಪಾಸಿನ ಬರಗಾಲದಲ್ಲಿ ಜನ ಭೇದಿಯಿಂದ ಸಾಯುತ್ತಿದ್ದಾಗ, ಅಮೆರಿಕದಲ್ಲಿ ಕೇಳಿ ತಿಳಿದಿದ್ದ ಒಂದು ಮದ್ದು ಮಾಡಿ ಹಂಚಿದ. ಪೈನ್ ಮರದ ಟಾರಿಗೆ ತಣ್ಣೀರು ಹಾಕಿ, ಕಲಕಿ, 48 ಗಂಟೆ ಬಿಟ್ಟು ತಿಳಿ ಬಸಿದುಕೊಳ್ಳುವುದು, ನಮ್ಮ ಮನೆಯ ಕಷಾಯಗಳ ಹಾಗೆ. ಆ ನೀರಿನ ಬಗ್ಗೆ 1744ರಲ್ಲಿ ಬರೆದ ಪುಸ್ತಕ ಆತನ ಜೀವಮಾನದಲ್ಲಿ ಎಲ್ಲಕ್ಕಿಂತ ಹೆಚ್ಚು ಖರ್ಚಾಯಿತಂತೆ, ತತ್ತ್ವಶಾಸ್ತ್ರ ಅಲ್ಲ. 1753ರಲ್ಲಿ ಆಕ್ಸ್‌ಫರ್ಡಿನಲ್ಲಿ ಸತ್ತ. ಹೆಣವನ್ನು ಐದು ದಿನ, ವಾಸನೆ ಬರುವ ತನಕ, ಹಾಗೇ ಹಾಸಿಗೆಯಲ್ಲಿ ಇಟ್ಟು ಆಮೇಲೆ ಹೂಳಿ ಅಂತ ಉಯಿಲು ಬರೆದಿಟ್ಟಿದ್ದ. ಸತ್ತದ್ದು ನಿಜವೋ ಅಂತ ನೋಡಿ ಖಾತ್ರಿ ಮಾಡಿಕೊಳ್ಳಲಿ ಅಂತ ಇರಬೇಕು.

ಚರ್ಚಿನಿಂದ ಹೊರಬಂದ ಮೇಲೆ ಅಪ್ಪ ಕೇಳಿದರು. “ಆ ಮೂವರು? ಫಿಲಿಪ್, ಆ್ಯಂಟನಿ, ಇನ್ನೊಂದು ಹೆಣ್ಣುಮಗು ಏನು ಹೆಸರು?”

“ಆ್ಯಗ್ನೆಸ್. ಮಗುವೋ ದೊಡ್ಡವಳೋ, ಅದರಲ್ಲಿ ಇಲ್ಲ.”

“ಅವರನ್ನ ಎಲ್ಲಿ ಮಣ್ಣು ಮಾಡಿದ್ದಾರೆ?”

ನನ್ನ ಹತ್ತಿರ ಉತ್ತರ ಇರಲಿಲ್ಲ. ಊರಿನ ಫೇರ್‌ವೆಲ್ ಸ್ಟ್ರೀಟ್ ಪಕ್ಕದ ಹಳೆಯ ಸ್ಮಶಾನದಲ್ಲಿ ಆಫ್ರಿಕಾ ಮೂಲದವರಿಗೆ ಅಂತಲೇ ಒಂದು ಭಾಗ ಇದೆ ಅಂತ ಮ್ಯಾಪ್‌ನಲ್ಲಿ ಕಂಡಿತು. ‘ಗಾಡ್ಸ್ ಲಿಟಲ್ ಏಕರ್’, ದೇವರ ಪುಟ್ಟ ಎಕರೆ. ಅರಮನೆ ನೋಡುವವರ ಬಸ್ಸುಗಳು ಅಲ್ಲಿ ನಿಲ್ಲುವುದಿಲ್ಲ. ನಾವು ಹೋದಾಗ ನಾಯಿ ಕರೆದುಕೊಂಡು ನಡೆಯುತ್ತಿದ್ದ ಒಬ್ಬರನ್ನು ಬಿಟ್ಟರೆ ಯಾರೂ ಇರಲಿಲ್ಲ. ಹುಲ್ಲಿನ ನಡುವೆ ಸ್ಲೇಟು ಕಲ್ಲುಗಳು, ಕೆಲವು ವಾಲಿವೆ, ಕೆಲವು ಸವೆದಿವೆ. ಆ ಮೂವರ ಹೆಸರು ನಮಗೆ ಸಿಗಲಿಲ್ಲ.

ಸಿಕ್ಕಿದ್ದು ಇನ್ನೊಂದು ಕಲ್ಲು. ಅದರಲ್ಲಿ ಬರೆದಿರುವುದರ ಅರ್ಥ ಇಷ್ಟು: ಕಫ್ ಗಿಬ್ಸ್ 1768ರ ಡಿಸೆಂಬರಿನಲ್ಲಿ ತೀರಿಕೊಂಡ, ಅವನ ನೆನಪಿಗೆ ಈ ಕಲ್ಲು ಕೆತ್ತಿದವನು ಅವನ ಸೋದರ ಪಾಂಪ್ ಸ್ಟೀವನ್ಸ್. ಪಾಂಪ್ ಗುಲಾಮ. ಇದೇ ಊರಿನಲ್ಲಿ ಸಮಾಧಿ ಕಲ್ಲು ಕೆತ್ತುವ ಸ್ಟೀವನ್ಸ್ ಮನೆತನದ ಅಂಗಡಿಯಲ್ಲಿ ಕೆಲಸ ಮಾಡುತ್ತಿದ್ದವನು. 1705ರಲ್ಲಿ ಶುರುವಾದ ಆ ಅಂಗಡಿ ಇವತ್ತಿಗೂ ಇದೆ. ಊರವರಿಗೆಲ್ಲ ಕಲ್ಲು ಕೆತ್ತಿದ ಕೈ, ತಮ್ಮವನ ಕಲ್ಲಿನ ಮೇಲೆ ತನ್ನ ಹೆಸರನ್ನೂ ಕೆತ್ತಿಕೊಂಡಿದೆ.

ಬಿಸಿಲು ಓರೆಯಾಗಿತ್ತು, ಅಪ್ಪನಿಗೆ ಅಕ್ಷರ ಸರಿಯಾಗಿ ಕಾಣಲಿಲ್ಲ. ಹಳೆಯ ಕಲ್ಲು, ಮುಟ್ಟಬಾರದು ಅಂದೆ. ಚಾಚಿದ ಕೈ ಹಿಂದಕ್ಕೆ ತಗೊಂಡರು. “ಫೋಟೊ ತೆಗೆದು ದೊಡ್ಡದು ಮಾಡಿ ಕೊಡು” ಅಂದರು. ಕೊಟ್ಟೆ. ಸ್ಕ್ರೀನಿನ ಮೇಲೆ ಬೆರಳಿಟ್ಟು ಒಂದೊಂದೇ ಅಕ್ಷರ ಜರುಗಿಸುತ್ತಾ ಬೋರ್ಡ್ ಮೇಲಿನ ಲೆಕ್ಕ ಓದಿದ ಹಾಗೆ ಗಟ್ಟಿಯಾಗಿ ಓದಿದರು.

“ಇವನು ಸ್ಟೀವನ್ಸ್, ಅವನು ಗಿಬ್ಸ್. ಅಣ್ಣತಮ್ಮ ಅಂತಲ್ಲವಾ ಇರೋದು?”

“ಹೌದು.”

“ಮತ್ತೆ ಮನೆಹೆಸರು ಬೇರೆ ಬೇರೆ?” ಅಂತ ಕೇಳಿ, ನಾನು ಬಾಯಿ ತೆರೆಯುವ ಮೊದಲೇ, “ಓ, ಒಡೆಯರು ಬೇರೆ ಬೇರೆ” ಅಂದರು.

ಫೋನ್ ವಾಪಸ್ ಕೊಡಲಿಲ್ಲ. ಇನ್ನೊಂದು ಸಾಲು ಉಳಿದಿದೆ ಇರು ಅಂತ ಮತ್ತೆ ಓದತೊಡಗಿದರು. ಕಾರಿನಲ್ಲಿ ಅಮ್ಮನಿಗೆ ಅಂತ ಉಳಿಸಿದ್ದ ಚೆರ್ರಿ ಬಿಸಿಲಿಗೆ ಬಾಡುತ್ತಿತ್ತು, ಹೋಗಿ ನೆರಳಿಗೆ ಇಟ್ಟು ಬಂದೆ.